ಐದನೆಯ ಸಿಲಿಂಡರ್

ಇಮಾಮುದ್ದೀನ್ ಶವ ಇಡುವ ತಂಪುಪೆಟ್ಟಿಗೆಯ ಹಿಂದೆ ಮೊಳಕಾಲೂರಿ ಕುಳಿತು ತಾಮ್ರದ ಕೊಳವೆಗಳನ್ನು ಎರಡು ಬೆರಳಿನಿಂದ ಮುಟ್ಟಿ ನೋಡುತ್ತಿದ್ದ. ಒಂದು ಬಿಸಿ, ಇನ್ನೊಂದು ತಣ್ಣಗೆ. ಯಂತ್ರ ಸರಿಯಾಗಿಯೇ ಇತ್ತು. ಆದರೂ ಮತ್ತೊಮ್ಮೆ ಮುಟ್ಟಿದ. ಗಾಜಿನ ಮುಚ್ಚಳದ ಕೆಳಗೆ ನೀಲಕಂಠ ಅಂಗಾತ ಮಲಗಿದ್ದ. ಪೆಟ್ಟಿಗೆ ಓಣಿಯ ತರುಣ ಸಂಘದ್ದು. ಅದು ಕೆಟ್ಟಾಗಲೆಲ್ಲ ರಿಪೇರಿ ಮಾಡುತ್ತಿದ್ದವನು ನೀಲಕಂಠನೇ. ಹಿಂಬದಿಯ ತಗಡಿನ ಮೇಲೆ ಕೊನೆಯ ರಿಪೇರಿಯ ತಾರೀಖು ಅವನ ಅಕ್ಷರದಲ್ಲೇ ಇತ್ತು: ಮಾರ್ಚ್ ಹದಿನಾರು.

"ಏಳೋ ಇಮಾಮಭಾಯಿ. ನೀ ಎಷ್ಟು ಸಲ ನಾಡಿ ಹಿಡಿದ್ರೂ ಅಂವ ಏಳಂಗಿಲ್ಲ."

ಬಾಗಿಲಲ್ಲಿ ನೀಲಕಂಠನ ಅಣ್ಣ ಖಂಡೆಪ್ಪ ನಿಂತಿದ್ದ. ಕಮಲಾಪುರದಿಂದ ಈಗಷ್ಟೇ ಬಂದಿದ್ದ. ಹೆಗಲ ಮೇಲಿನ ವಸ್ತ್ರ ಬೆವರಿಗೆ ತೋಯ್ದಿತ್ತು. ಮೇ ತಿಂಗಳ ಬೆಳಿಗ್ಗೆ ಒಂಬತ್ತಕ್ಕೇ ತಾಜಸುಲ್ತಾನಪುರ ರಸ್ತೆಯ ಡಾಂಬರು ಚಪ್ಪಲಿಗೆ ಅಂಟುತ್ತಿತ್ತು. ತಮ್ಮನ ಮುಖವನ್ನು ಗಾಜಿನೊಳಗಿಂದ ಬಹಳ ಹೊತ್ತು ನೋಡಿದ ಖಂಡೆಪ್ಪನ ಕಣ್ಣು ಕಾಲಿನ ಕಡೆಗೆ ಹೋದದ್ದೇ ಧ್ವನಿ ಏರಿತು.

"ಯಾರ್ ಮಲಗಿಸ್ಯಾರ ಇವಗ? ನಮ್ಮಾಗ ಕುಂದ್ರಸಿ ಮಣ್ಣ ಮಾಡ್ತಾರಂಬೋದು ಯಾರಿಗೂ ನೆನಪಿಲ್ಲೇನು? ಕಟ್ಟಿಗ್ಯಾಗಿ ಬಿಟ್ಟಾನ. ಈಗ ಕುಂದ್ರು ಅಂದ್ರ ಕುಂದರ್ತಾನೇನು?"

"ನಾನೇ ಅಂದೆ ಭಾವಾ," ಎಂದಳು ಗೋಡೆಗೆ ಒರಗಿದ್ದ ನೀಲಕಂಠನ ಹೆಂಡತಿ ಶಿವಕಾಂತಮ್ಮ. ನಿನ್ನೆ ಸಂಜೆ ನಾಲ್ಕರಿಂದ ಅವಳು ಅಲ್ಲೇ ಕುಳಿತಿದ್ದಳು. "ಮಲ್ಲಿಕಾ ಮಂಗಳೂರಿಂದ ಬರಬೇಕು. ಅಲ್ಲೀತನಕ ಈ ಬಿಸಿಲಾಗ ಹೆಂಗ ಇಡಬೇಕಿತ್ತು?"

ಖಂಡೆಪ್ಪ ಕ್ರಿಯೆಗೆ ಬಂದಿದ್ದ ಜಂಗಮಯ್ಯನವರನ್ನು ಕೇಳಿದ. ಯಂತ್ರ ಬಂದ್ ಮಾಡಿ, ಮುಚ್ಚಳ ತೆಗೆದಿಡ್ರಿ, ಮಗಳು ಬರೋದ್ರಾಗ ಮೈ ಸಡಲಾಗ್ತದ ಎಂದರು ಅವರು. ಸ್ವಿಚ್ಚಿನ ಹತ್ತಿರ ಇದ್ದವನು ಇಮಾಮುದ್ದೀನ್. ಎಲ್ಲರೂ ಅವನನ್ನೇ ನೋಡಿದರು. ಮೂವತ್ತೊಂದು ವರ್ಷ ಇದೇ ಕೋಣೆಯಲ್ಲಿ ನೀಲಕಂಠನ ಜೊತೆ ಕುಳಿತು ನಿಂತುಹೋದ ಯಂತ್ರಗಳನ್ನು ನಡೆಸಿದ್ದವನು ಈಗ ನಡೆಯುತ್ತಿದ್ದ ಯಂತ್ರವನ್ನು ನಿಲ್ಲಿಸಿದ. ಕಂಪ್ರೆಸರ್ ಒಮ್ಮೆ ನಡುಗಿ ಸುಮ್ಮನಾಯಿತು.

ಕುಳ್ಳಿರಿಸಲು ಜಾಗ ಬೇಕಿತ್ತು. ಮನೆಯ ಮುಂದಿನ ಕೋಣೆಯೇ ಅಂಗಡಿ. ಹಳೆಯ ಫ್ರಿಜ್ಜುಗಳು, ಎ.ಸಿ. ಡಬ್ಬಿಗಳು ಅಂಗಳಕ್ಕೆ ಹೋದವು. ಗೋಡೆಯ ಬುಡದಲ್ಲಿ ಸಾಲಾಗಿದ್ದ ಆರು ಸಿಲಿಂಡರುಗಳು ಮಾತ್ರ ಉಳಿದವು. ಅವುಗಳ ಮೇಲೆ ಗೋಡೆಗೆ ಸೀಮೆಸುಣ್ಣದಿಂದ ಬರೆದ, ಮೇಲಿಂದ ಕೆಳಗಿಳಿಯುವ ಆರು ಸಾಲು ಅಂಕಿಗಳಿದ್ದವು.

"ಇವನ್ನ ಮದ್ಲ ತಗೀರಿ," ಎಂದ ವಿವೇಕಾನಂದ. ಖಂಡೆಪ್ಪನ ಮಗ, ಮೂವತ್ತರ ಹುಡುಗ, ಸರಕಾರಿ ಕಚೇರಿಯಲ್ಲಿ ಕೆಲಸ. ರಾತ್ರಿಯಿಂದ ಅವನೇ ಓಡಾಡಿ ಎಲ್ಲ ವ್ಯವಸ್ಥೆ ಮಾಡಿದ್ದ. "ಬಾಜೂಕ ದೀಪ ಹಚ್ಚೋರು, ಊದಿನಕಡ್ಡಿ ಹಚ್ಚೋರು. ನೂರು ಮಂದಿ ಸೇರ್ತಾರ. ಡಬ್ ಅಂದ್ರ ಯಾರು ಜವಾಬ್ದಾರಿ?"

"ಡಬ್ ಅನ್ನಂಗಿಲ್ಲ ತಮ್ಮಾ. ಇದು ಉರಿಯೋ ಗ್ಯಾಸಲ್ಲ. ಹಳೇ ಫ್ರಿಜ್ಜಿನ ಹನ್ನೆರಡನೇ ನಂಬರ್ ಗ್ಯಾಸ್."

"ಉರಿಯಂಗಿಲ್ಲ, ಮಾರಂಗಿಲ್ಲ, ಮತ್ತ ಯಾಕ ಇಟ್ಟೀರಿ?"

ಇಮಾಮುದ್ದೀನ್ ಬಾಯಿ ತೆರೆದ. ಇಷ್ಟು ವರ್ಷ ಈ ಪ್ರಶ್ನೆಗೆ ಉತ್ತರ ಹೇಳುತ್ತಿದ್ದವನು ನೀಲಕಂಠ. ಅವನು ಹೇಳುತ್ತಿದ್ದ ರೀತಿ ನೆನಪಿಗೆ ಬಂತು.

"ಖಾಲಿ ಮಾಡಿ ಒಗೀರಿ," ಎಂದಳು ಶಿವಕಾಂತಮ್ಮ ತಲೆ ಎತ್ತದೆ. "ನನ್ನ ಮಗಳು ಓದೋ ಜಾಗಾ ನುಂಗ್ಯಾವ ಅವು."

* * *

ಎರಡು ಸಾವಿರದ ಐದರಲ್ಲಿ ಊರಿನ ಹೋಟೆಲಿನ ಮಹಡಿಯಲ್ಲಿ ಎರಡು ದಿನದ ಸರಕಾರಿ ತರಬೇತಿ ನಡೆದಿತ್ತು. ಊಟ ಉಚಿತ, ಒಂದು ಚೀಲ, ಒಂದು ಸರ್ಟಿಫಿಕೇಟು. ಇಮಾಮುದ್ದೀನ್ ಹೋದದ್ದು ಊಟಕ್ಕೆ ಮತ್ತು ಚೀಲಕ್ಕೆ. ನೀಲಕಂಠ ಹೋದದ್ದು ಕಲಿಯುವುದಕ್ಕೆ. ಹಗಲು ಗ್ಯಾರೇಜಿನಲ್ಲಿ ದುಡಿದು, ಸಂಜೆಯ ತರಗತಿಯಲ್ಲಿ ಫ್ರಿಜ್ಜಿನ ಕೆಲಸ ಕಲಿತವನು ಅವನು. ಯಾರಾದರೂ ಹಲಗೆಯ ಮೇಲೆ ಬರೆಯತೊಡಗಿದರೆ ಪೆನ್ನು ತೆಗೆದುಕೊಂಡು ಬೆನ್ನು ನೆಟ್ಟಗೆ ಮಾಡುತ್ತಿದ್ದ.

"ಪೈಪ್ ಬಿಚ್ಚಿದಾಗ ಸುಯ್ ಅಂತ ಹೋಗುತ್ತಲ್ಲ, ಅದು ಎಲ್ಲಿಗೆ ಹೋಗುತ್ತೆ ಅಂತ ಯಾವತ್ತಾದರೂ ಯೋಚಿಸಿದ್ದೀರಾ?" ಎಂದು ಕೇಳಿದರು ಬೆಂಗಳೂರಿನಿಂದ ಬಂದಿದ್ದ ಅಧಿಕಾರಿ.

"ಆಕಾಶಕ್ಕ ಸರ್!" ಎಂದ ಹಿಂದಿನ ಸಾಲಿನ ಒಬ್ಬ. ಎಲ್ಲರೂ ನಕ್ಕರು.

"ಹೌದು, ಆಕಾಶಕ್ಕೇ. ಅಲ್ಲಿ ನೂರು ವರ್ಷ ಇರುತ್ತೆ." ಅವರು ಹಲಗೆಯ ಮೇಲೆ ಭೂಮಿಯನ್ನು ಬರೆದು, ಸುತ್ತಲೂ ಓಝೋನಿನ ಹೊದಿಕೆ ಎಂದು ಗೆರೆ ಎಳೆದು, ಗೆರೆಯನ್ನು ಬೆರಳಿನಿಂದ ಒಂದು ಕಡೆ ಅಳಿಸಿದರು. ಮಾಂಟ್ರಿಯಲ್ ಎಂಬ ಊರಿನಲ್ಲಿ ದೇಶಗಳೆಲ್ಲ ಕುಳಿತು ಒಪ್ಪಂದ ಮಾಡಿಕೊಂಡಿವೆ, ಭಾರತವೂ ಸೇರಿದೆ, ಇನ್ನು ಐದು ವರ್ಷದಲ್ಲಿ ಹನ್ನೆರಡನೇ ನಂಬರಿನ ಗ್ಯಾಸು ದೇಶದಲ್ಲಿ ಬಂದಾಗುತ್ತದೆ, ಅಲ್ಲಿಯವರೆಗೆ ಹಳೆಯ ಗ್ಯಾಸನ್ನು ಗಾಳಿಗೆ ಬಿಡದೆ ಯಂತ್ರದಿಂದ ಎಳೆದು ಸಿಲಿಂಡರಿಗೆ ತುಂಬಬೇಕು ಎಂದರು.

ಊಟಕ್ಕೆ ಮೊದಲು ಗುಮಾಸ್ತನೊಬ್ಬ ಉದ್ದನೆಯ ಪುಸ್ತಕ ಹಿಡಿದು ಬಂದ. ಹಾಳೆಯ ತಲೆಗೆ ಇಂಗ್ಲಿಷಿನಲ್ಲಿ ಆ ಒಪ್ಪಂದದ ಹೆಸರು, ಸರಕಾರದ ಹೆಸರು ಅಚ್ಚಾಗಿದ್ದವು. ಕೆಳಗೆ ಸಹಿಗೆ ಜಾಗ. ನೀಲಕಂಠ ತಲೆಬರಹದ ಅಕ್ಷರಗಳನ್ನು ಒಂದೊಂದಾಗಿ ಕೂಡಿಸಿ ಓದಿದ. ಎದ್ದು ಹೋಗಿ ಕೈ ತೊಳೆದುಕೊಂಡು ಬಂದ. ಆಮೇಲೆ ತನ್ನ ಹೆಸರು, ತಂದೆಯ ಹೆಸರು, ಊರು ಕಮಲಾಪುರ ಎಂದು ಪೂರ್ತಿ ಬರೆದು ಸಹಿ ಮಾಡಿದ. ಅವನ ಕೆಳಗಿನ ಸಾಲಿನಲ್ಲಿ ಇಮಾಮುದ್ದೀನ್ ಊಟದ ವಾಸನೆಯ ಕಡೆ ನೋಡುತ್ತಲೇ ಗೀಚಿದ.

ಬಸ್ಸಿನಲ್ಲಿ ಬರುವಾಗ ನೀಲಕಂಠ ಮೆಲ್ಲಗೆ ಹೇಳಿದ, "ನಾವೂ ಸಹಿ ಮಾಡಿದ್ವಿ ನೋಡು ಇಮಾಮ. ದೇಶದ ಸಂಗಟ."

"ಅರೇ ಪಾಗಲ್, ಅದು ಹಾಜರಿ ಪುಸ್ತಕ! ಊಟಕ್ಕ ಎಷ್ಟು ಮಂದಿ ಅಂತ ಎಣಿಸಾಕ!"

"ಮ್ಯಾಲ ಏನ್ ಬರದಿತ್ತು ಓದಿದಿಯೇನು? ನಾ ಓದೀನಿ."

ವರುಷಗಳ ನಂತರ ಆ ಅಧಿಕಾರಿಯೇ ಇನ್ನೊಂದು ತರಬೇತಿಗೆ ಬಂದಾಗ, ಅದು ಬರೀ ಹಾಜರಿ ಎಂದು ನಗುತ್ತ ಹೇಳಿದರು. ನೀಲಕಂಠ ಕೆಂಪಾದ. ಮನೆಯ ಮುಂದೆ ಗಾಡಿ ನಿಲ್ಲಿಸುವಾಗ ಅಂದ, "ಹಾಜರಿ ಅಂದ್ರ ಏನು? ಹೇಳಿದಾಗ ಅಲ್ಲಿ ಇದ್ವಿ, ಕೇಳಿದ್ವಿ ಅಂತ. ಆತಲ್ಲ ಮತ್ತ. ಸಹಿ ಮಾಡಿದಂಗೇ ಆತು."

* * *

ಇಮಾಮುದ್ದೀನ್ ಅಂಗಳದಲ್ಲಿ ನೀರು ಕುಡಿಯುತ್ತಿದ್ದಾಗ ಒಳಗಿಂದ ಆ ಸದ್ದು ಬಂತು. ಉದ್ದನೆಯ ಸುಯ್. ಮಂದಿ ಕಿರುಚುತ್ತ ಹೊರಗೆ ನುಗ್ಗಿದರು. ಅವನು ಎದುರಿಗೆ ಬಂದವರನ್ನು ತಳ್ಳಿ ಒಳಗೆ ಓಡಿದ.

ವಿವೇಕಾನಂದ ಎರಡನೆಯ ಸಿಲಿಂಡರಿನ ಮುಂದೆ ಇಕ್ಕಳ ಹಿಡಿದು ನಿಂತಿದ್ದ. ಬಾಯಿಯ ಟೋಪಿ ಬಿಚ್ಚಿ, ಗಟ್ಟಿಯಾಗಿ ಕೂತಿದ್ದ ವಾಲ್ವನ್ನು ಇಕ್ಕಳದಿಂದ ತಿರುವಿದ್ದ. ಗ್ಯಾಸು ತಣ್ಣಗೆ ಕೈಗೆ ಹೊಡೆದಾಗ ಹೆದರಿ, ಮುಚ್ಚಲು ಬಾರದೆ, ಇಕ್ಕಳದಿಂದಲೇ ಎರಡು ಏಟು ಹಾಕಿದ್ದ. ವಾಲ್ವಿನ ಕಡ್ಡಿ ವಾರೆಯಾಗಿತ್ತು.

"ಟೋಪಿ ಎಲ್ಲಿ? ಪಿತ್ತಳಿ ಟೋಪಿ ಎಲ್ಲಿ ಒಗದಿ?"

ಟೋಪಿ ಖಂಡೆಪ್ಪನ ಕಾಲ ಬಳಿ ಸಿಕ್ಕಿತು. ಇಮಾಮುದ್ದೀನ್ ಅದನ್ನು ಹಾಕಿ ಬಿಗಿದ ಮೇಲೆ ಸುಯ್ ನಿಂತಿತು. ಅವನು ಸಾಬೂನಿನ ನೊರೆಯನ್ನು ವಾಲ್ವಿನ ಕುತ್ತಿಗೆಗೆ ಸವರಿದ. ಕ್ಷಣ ಕಳೆದು ನೊರೆಯೊಳಗಿಂದ ಒಂದು ಗುಳ್ಳೆ ಉಬ್ಬಿತು, ಒಡೆಯಿತು. ಇನ್ನೊಂದು ಉಬ್ಬಿತು.

"ನಾ ಕೆಟ್ಟ ಮಾಡಬೇಕಂತ ಮಾಡಿಲ್ಲ ಕಾಕಾ," ಎಂದ ವಿವೇಕಾನಂದ. ಅವನ ಬೆರಳುಗಳು ಬೆಳ್ಳಗಾಗಿದ್ದವು. "ಚಿಗವ್ವ ಅಂದಳು, ಅದಕ್ಕ."

"ಗೊತ್ತದ ಬಿಡು. ಕೈಗಿ ನೀರ ಹಾಕ್ಕೋ ಹೋಗು."

"ಸೋರಿದ್ರ ಏನಾಗ್ತದ?" ಖಂಡೆಪ್ಪ ಬಾಗಿಲಿನಿಂದಲೇ ಕೇಳಿದ.

"ನಮಗೇನೂ ಆಗಂಗಿಲ್ಲ."

"ಮತ್ತ ಸೋರ್ಲಿ ಬಿಡು ಮಾರಾಯಾ! ಹೆಣದ ಮನ್ಯಾಗ ಗುಳ್ಳಿ ಎಣಸ್ಕೋತ ಕೂಡತಿ ಏನು?"

ಇಮಾಮುದ್ದೀನ್ ಒದ್ದೆ ಗೋಣಿಚೀಲವನ್ನು ಸಿಲಿಂಡರಿಗೆ ಸುತ್ತಿದ. ತಣ್ಣಗಿದ್ದಷ್ಟೂ ಒಳಗಿನ ಒತ್ತಡ ಕಡಿಮೆ, ಸೋರುವುದೂ ಕಡಿಮೆ. ಆದರೆ ಇದು ಒಂದು ತಾಸಿನ ಉಪಾಯ. ನಾಳೆ ಬೆಳಗಾಗುವುದರೊಳಗೆ ಸಿಲಿಂಡರ್ ಖಾಲಿಯಾಗುತ್ತದೆ. ಗೋಡೆಯ ಮೇಲೆ ಎರಡನೆಯ ಸಾಲಿನ ಕೊನೆಯ ಅಂಕಿ, ಈ ಜನವರಿ ಒಂದರದ್ದು, ೯.೨ ಎಂದಿತ್ತು. ಒಂಬತ್ತು ಕಿಲೋ ಎಂದರೆ ಎಷ್ಟು ಫ್ರಿಜ್ಜು? ಒಂದೊಂದರಿಂದ ನೂರು, ನೂರಿಪ್ಪತ್ತು ಗ್ರಾಂ. ಒಂದೊಂದಕ್ಕೂ ಮುಕ್ಕಾಲು ತಾಸು. ಪಕ್ಕದ ಅಂಗಡಿಯವರು ಎರಡು ನಿಮಿಷದಲ್ಲಿ ಪೈಪು ಬಿಚ್ಚಿ ಬಿಡುತ್ತಿದ್ದರು.

ಅಷ್ಟರಲ್ಲಿ ಆಟೋ ನಿಂತ ಸದ್ದು. ಹೆಂಗಸರ ಅಳು ಎದ್ದಿತು. ಮಲ್ಲಿಕಾ ಬಂದಿದ್ದಳು. ನರ್ಸ್ ಕೆಲಸದ ಡ್ಯೂಟಿಯಿಂದ ಹಾಗೆಯೇ ಬಸ್ಸು ಹತ್ತಿದವಳು. ತಂದೆಯ ಎದೆಯ ಮೇಲೆ ತಲೆಯಿಟ್ಟು ಅವಳು ಅಳುವಾಗ ಇಮಾಮುದ್ದೀನ್ ನೊರೆ ಮೆತ್ತಿದ ಕೈಯನ್ನು ಬೆನ್ನ ಹಿಂದೆ ಮರೆಮಾಡಿಕೊಂಡು ನಿಂತಿದ್ದ. ಸ್ವಲ್ಪ ಹೊತ್ತಿನ ಮೇಲೆ ಅವಳು ಮುಖ ಎತ್ತಿದಳು. ಕೋಣೆಯ ಮೂಲೆಯ ಗೋಣಿಚೀಲ ನೋಡಿದಳು.

"ಯಾವುದು ಚಾಚಾ? ಎರಡನೇದೇನು?"

"ಹೂಂ ಬೇಟಾ."

"ಅಪ್ಪಗ ಹೇಳಬ್ಯಾಡ್ರಿ," ಎಂದು ಬಾಯಿ ತಪ್ಪಿ ಅಂದು, ಮತ್ತೆ ಅತ್ತಳು.

* * *

ತುಂಬುವುದನ್ನು ಕಲಿಸಿದವರು ತುಂಬಿದ ಮೇಲೆ ಎಲ್ಲಿಗೆ ತರಬೇಕೆಂದು ಹೇಳಿರಲಿಲ್ಲ. ನೀಲಕಂಠ ಮೊದಲ ಸಿಲಿಂಡರ್ ತುಂಬಿದ ವರ್ಷ ಪತ್ರ ಬರೆದ. ಮೇಲಿಂದ ಆದೇಶ ಬಂದಿಲ್ಲ ಎಂಬ ಉತ್ತರ ಬಂತು. ಎರಡನೆಯದು ತುಂಬಿದಾಗ ಬರೆದ. ತಮ್ಮ ಪತ್ರವನ್ನು ಸಂಬಂಧಿಸಿದ ವಿಭಾಗಕ್ಕೆ ಕಳಿಸಲಾಗಿದೆ ಎಂದು ಬಂತು. ಎರಡು ಸಾವಿರದ ಹತ್ತರ ಜನವರಿ ಒಂದಕ್ಕೆ ಹನ್ನೆರಡನೇ ನಂಬರು ದೇಶದಲ್ಲಿ ಬಂದಾಯಿತು. ಯೋಜನೆಯೂ ಮುಗಿಯಿತು. ಆಮೇಲೆ ಬೇರೆ ಗ್ಯಾಸು, ಬೇರೆ ತರಬೇತಿ. ಕಿಗಾಲಿ ಎಂಬ ಊರಿನಲ್ಲಿ ಇನ್ನೊಂದು ಒಪ್ಪಂದವಾಯಿತು. ಅದನ್ನೂ ನೀಲಕಂಠ ಬರೆದುಕೊಂಡ. ತಪ್ಪು ಯಾರದ್ದು ಎಂದು ಅವನು ಯಾವತ್ತೂ ಹೇಳುತ್ತಿರಲಿಲ್ಲ. "ಅವರ ಕೆಲಸ ಅವರು ಮಾಡ್ಯಾರ. ನಡುವ ಎಲ್ಲೋ ಸಿಕ್ಕೊಂಡದ. ಬರ್ತದ," ಎನ್ನುತ್ತಿದ್ದ. ಪ್ರತಿ ಜನವರಿ ಒಂದರಂದು ಆರನ್ನೂ ತಕ್ಕಡಿಗೆ ಏರಿಸಿ, ಸೋರಿಲ್ಲ ತಾನೇ ಎಂದು ತೂಗಿ ಗೋಡೆಗೆ ಬರೆಯುತ್ತಿದ್ದ.

ಸಿಮೆಂಟಿನ ಭಟ್ಟಿಯ ಬೆಂಕಿಯಲ್ಲಿ ಈ ಗ್ಯಾಸನ್ನು ಸುಟ್ಟು ಇಲ್ಲದಂತೆ ಮಾಡಬಹುದೆಂದು ಎಲ್ಲೋ ಓದಿ, ಒಂದು ಫ್ಯಾಕ್ಟರಿಯ ಗೇಟಿಗೂ ಹೋಗಿಬಂದ. ಪರವಾನಗಿ ತಗೊಂಡು ಬಾ ಎಂದರು. ಪರವಾನಗಿ ಯಾರು ಕೊಡುತ್ತಾರೆಂದು ಕೇಳಿದ. ಅದು ಅವರಿಗೂ ಗೊತ್ತಿರಲಿಲ್ಲ.

ಕಡೆಗೆ, ಮಲ್ಲಿಕಾಳ ಹತ್ತನೆಯ ತರಗತಿಯ ವರ್ಷ, ಅವನು, ಇಮಾಮುದ್ದೀನ್ ಇಬ್ಬರೂ ಸಿಲಿಂಡರುಗಳನ್ನು ಆಟೋದಲ್ಲಿ ಹೇರಿಕೊಂಡು ಕಮಲಾಪುರಕ್ಕೆ ಹೋಗಿದ್ದರು. ಖಂಡೆಪ್ಪನ ಕೆಂಪು ಬಾಳೆಯ ತೋಟದಲ್ಲಿ ಪಂಪಿನ ಕೋಣೆ ಖಾಲಿ ಇತ್ತು.

"ಏನು ತಂದೀರಿ? ಸೋರಿದ್ರ ನನ್ನ ಬಾಳಿಗಿಡ ಸಾಯ್ತಾವ," ಎಂದ ಖಂಡೆಪ್ಪ.

"ಗಿಡಕ್ಕೇನೂ ಆಗಂಗಿಲ್ಲಣ್ಣಾ. ಇದು ಮ್ಯಾಲ ಹೋಗಿ ತ್ರಾಸ ಕೊಡ್ತದ."

"ಮ್ಯಾಲ ಯಾರಿದ್ದಾರ ನಿಮ್ಮವರು?"

ಕೂಲಿಯವರೆಲ್ಲ ನಕ್ಕರು. ಖಂಡೆಪ್ಪ ಒಂದು ಗೊನೆ ಕೆಂಪು ಬಾಳೆಹಣ್ಣನ್ನು ಆಟೋದಲ್ಲಿಟ್ಟು, ಸಿಲಿಂಡರುಗಳನ್ನು ವಾಪಸು ಕಳಿಸಿದ. ದಾರಿಯುದ್ದಕ್ಕೂ ನೀಲಕಂಠ ಗೊನೆ ಬೀಳದಂತೆ ಒಂದು ಕೈಯಲ್ಲಿ, ಸಿಲಿಂಡರ್ ಉರುಳದಂತೆ ಇನ್ನೊಂದು ಕೈಯಲ್ಲಿ ಹಿಡಿದು ಕುಳಿತಿದ್ದ.

ಐದನೆಯ ಸಿಲಿಂಡರಿನ ವಿಷಯ ಬೇರೆ. ಅದನ್ನು ಇಮಾಮುದ್ದೀನ್ ಯಾರಿಗೂ ಹೇಳಿರಲಿಲ್ಲ. ಒಂಬತ್ತು ವರ್ಷದ ಹಿಂದೆ ಉರುಸಿನ ಹೊತ್ತಿಗೆ ದರ್ಗಾದ ಸುತ್ತಲಿನ ರೋಜಾ ಓಣಿಯ ಲಾಡ್ಜುಗಳಿಂದ ಎ.ಸಿ. ಕೆಲಸ ಒಂದೇ ಸಮನೆ ಬಂದಿತ್ತು. ಗ್ಯಾಸು ಸಾಗಿಸಲು ಖಾಲಿ ಸಿಲಿಂಡರ್ ಬೇಕಾಗಿತ್ತು. ನೀಲಕಂಠ ಊರಲ್ಲಿರಲಿಲ್ಲ. ಇಮಾಮುದ್ದೀನ್ ಐದನೆಯದನ್ನು ಮಾಳಿಗೆಗೆ ಹೊತ್ತೊಯ್ದು ವಾಲ್ವ್ ತೆರೆದು, ಅದು ಮುಗಿಯುವ ತನಕ ಬೆನ್ನು ತಿರುಗಿಸಿ ನಿಂತಿದ್ದ. ಉರುಸು ಮುಗಿದ ಮೇಲೆ ಸಿಲಿಂಡರನ್ನು ಒರೆಸಿ ಸಾಲಿನಲ್ಲಿ ಮೊದಲಿದ್ದಲ್ಲೇ ಇಟ್ಟ.

ಆ ಜನವರಿ ನೀಲಕಂಠ ಐದನೆಯದನ್ನು ಎತ್ತಿದಾಗಲೇ ಅವನ ಕೈಗೆ ತಿಳಿದಿತ್ತು. ಆದರೂ ತಕ್ಕಡಿಗೆ ಇಟ್ಟ. ಎರಡು ಸಲ ತೂಗಿದ. ಗೋಡೆಗೆ ೦ ಎಂದು ಬರೆದ. ಇಮಾಮುದ್ದೀನ್ ಆರನೆಯದನ್ನು ತಕ್ಕಡಿಯ ಕಡೆಗೆ ಸರಿಸಿದ.

"ವಾಲ್ವ್ ಹಳೇದಾಗಿತ್ತು ಕಾಣಸ್ತದ," ಎಂದಷ್ಟೇ ಹೇಳಿ ನೀಲಕಂಠ ಸೀಮೆಸುಣ್ಣದ ಕೈ ಒರೆಸಿಕೊಂಡ. ವಾಲ್ವ್ ಹೊಸದಿತ್ತು. ಅದನ್ನು ಇಬ್ಬರೂ ಸೇರಿ ಹಾಕಿದ್ದರು. ಅಲ್ಲಿಂದ ಮುಂದೆ ಪ್ರತಿ ವರ್ಷ ಅವನು ಆ ಖಾಲಿ ಸಿಲಿಂಡರನ್ನೂ ಉಳಿದವುಗಳ ಹಾಗೆಯೇ ತೂಗಿ, ಸೊನ್ನೆಯ ಕೆಳಗೆ ಇನ್ನೊಂದು ಸೊನ್ನೆ ಬರೆಯುತ್ತ ಬಂದ. ಒಂಬತ್ತು ಸೊನ್ನೆಗಳು.

* * *

ಹನ್ನೆರಡಕ್ಕೆ ಮೈ ಸಡಿಲಾಯಿತು. ಸ್ನಾನ ಮಾಡಿಸಿ, ಹೊಸ ಧೋತರ ಉಡಿಸಿ, ಗೋಡೆಗೆ ಒರಗಿಸಿ ಕುಳ್ಳಿರಿಸಿದರು. ಎಡ ಅಂಗೈಯಲ್ಲಿ ಇಷ್ಟಲಿಂಗ. ಹಣೆ, ತೋಳು, ಎದೆಗೆ ವಿಭೂತಿ. ನೀಲಕಂಠ ತರಬೇತಿಯಲ್ಲಿ ಕುಳಿತ ಹಾಗೆಯೇ ಬೆನ್ನು ನೆಟ್ಟಗೆ ಮಾಡಿ ಕುಳಿತಿದ್ದ.

ಪಕ್ಕದಲ್ಲಿ ಖಾಲಿ ಪೆಟ್ಟಿಗೆ ಬಾಯಿ ತೆರೆದುಕೊಂಡಿತ್ತು. ಇಮಾಮುದ್ದೀನ್ ಅದನ್ನು ನೋಡಿದ. ಮೂಲೆಯ ಗೋಣಿಚೀಲ ನೋಡಿದ. ಆಮೇಲೆ ಐದನೆಯ ಸಿಲಿಂಡರನ್ನು ನೋಡಿದ. ತಲೆಗೆ ಬಂದ ಉಪಾಯಕ್ಕೆ ಅವನಿಗೇ ನಾಚಿಕೆಯಾಯಿತು.

ಗ್ಯಾಸು ಎಳೆಯಲು ಸರಕಾರ ಕೊಟ್ಟಿದ್ದ ಯಂತ್ರ ಸುಟ್ಟು ಆರು ವರ್ಷವಾಗಿತ್ತು, ಬಿಡಿಭಾಗ ಸಿಗುತ್ತಿರಲಿಲ್ಲ. ಅದಾದ ಮೇಲೆ ನೀಲಕಂಠ ಮಂಜುಗಡ್ಡೆಯಿಂದ ಕೆಲಸ ಮಾಡುತ್ತಿದ್ದ. ಖಾಲಿ ಸಿಲಿಂಡರನ್ನು ಮಂಜಿನಲ್ಲಿಟ್ಟು, ತುಂಬಿದ್ದನ್ನು ಬಿಸಿಲಲ್ಲಿಟ್ಟು, ನಡುವೆ ಒಂದು ನಳಿಕೆ ಜೋಡಿಸಿದರೆ ಗ್ಯಾಸು ತಾನಾಗಿಯೇ ಬಿಸಿಯಿಂದ ತಂಪಿನ ಕಡೆಗೆ ಹೋಗುತ್ತದೆ. ಇವತ್ತು ಮಂಜಿನ ಕೆಲಸವನ್ನು ಪೆಟ್ಟಿಗೆ ಮಾಡಬಲ್ಲದು. ಆದರೆ ಒಂಬತ್ತು ಕಿಲೋ ಹೋಗಲು ನಾಲ್ಕು ತಾಸಾದರೂ ಬೇಕು. ಅಷ್ಟೂ ಹೊತ್ತು ಒಬ್ಬರು ನಳಿಕೆ ಕಾಯಬೇಕು. ಮಣ್ಣು ಮಾಡಲು ಕಮಲಾಪುರಕ್ಕೆ ಗಾಡಿ ಹೊರಡುವುದು ಒಂದೂವರೆಗೆ.

ಅವನು ಮಲ್ಲಿಕಾಳನ್ನು ಕರೆದು ಮೆಲ್ಲಗೆ ಹೇಳಿದ. ಅವಳು ಪೆಟ್ಟಿಗೆಯ ಕಡೆ ನೋಡಿದಳು.

"ಅಪ್ಪ ಮಲಗಿದ್ದ ಜಾಗದಾಗ?"

"ಬ್ಯಾಡಂದ್ರ ಬ್ಯಾಡ ಬೇಟಾ. ನನಗೂ ಖರೇ ತಿಳೀವಲ್ದು."

"ಐದನೇದು ಖಾಲಿ ಹೆಂಗಾಯ್ತು ಅಂತ ಅಪ್ಪಗ ಒಮ್ಮಿ ಕೇಳಿದ್ದೆ," ಎಂದಳು ಮಲ್ಲಿಕಾ. "ಇಮಾಮ ಹೇಳ್ದಾಗ ತಿಳೀತದ ಅಂದಿದ್ದ. ನೀವು ಹೇಳೇ ಇಲ್ಲ." ಅವಳು ಅವನ ಮುಖ ನೋಡಲಿಲ್ಲ. "ಹಚ್ರಿ ಚಾಚಾ."

ಇಮಾಮುದ್ದೀನ್ ನಳಿಕೆ ತೆಗೆದುಕೊಂಡು ಅದರ ಎರಡೂ ತುದಿ ಒರೆಸಿದ.

ಪೆಟ್ಟಿಗೆಯ ಯಂತ್ರ ಮತ್ತೆ ಚಾಲೂ ಆದದ್ದು ಕೇಳಿ ಖಂಡೆಪ್ಪ ಒಳಗೆ ಬಂದ. ತಮ್ಮ ಮಲಗಿದ್ದ ಕಡೆ, ಸೇವಂತಿಗೆ ಎಸಳುಗಳ ನಡುವೆ, ಒಂದು ಸಿಲಿಂಡರ್ ಮಲಗಿತ್ತು. ಅದರಿಂದ ಹೊರಟ ಹಳದಿ ನಳಿಕೆ ಹೊಸ್ತಿಲು ದಾಟಿ, ಅಂಗಳದ ಬಿಸಿಲಿನಲ್ಲಿ ನಿಂತ ಇನ್ನೊಂದು ಸಿಲಿಂಡರಿಗೆ ಹೋಗಿತ್ತು.

"ಏ ಇಮಾಮ! ತಲಿ ಕೆಟ್ಟದೇನು ನಿಂದು? ಹೆಣ ಇನ್ನಾ ಮನ್ಯಾಗ ಕುಂತದ!"

"ಮಾಫ್ ಮಾಡ್ರಿ ಅಣ್ಣಾ."

"ಮೂವತ್ತು ವರ್ಷ ಒಂದೇ ಡಬ್ಬ್ಯಾಗ ಉಂಡೀರಿ. ಮಣ್ಣಿಗಿ ಬರಂಗಿಲ್ಲೇನು ನೀ?"

"ಬರಬೇಕಂತನೇ..."

"ಒಂದು ಹಿಡಿ ಮಣ್ಣಿಗಿಂತ ಹೆಚ್ಚಾತೇನು ಈ ಗಾಳಿ?" ಖಂಡೆಪ್ಪ ಹೆಗಲ ವಸ್ತ್ರದಿಂದ ಮುಖ ಒರೆಸಿಕೊಂಡ. "ಅಂವನೂ ಹಿಂಗೇ. ಇಬ್ಬರೂ ಹುಚ್ಚರು. ಹುಚ್ಚರ ಸಂತಿ."

ಭಜನೆಯವರು ಬಂದರು. ನೀಲಕಂಠನನ್ನು ಹೂವಿನ ಕುರ್ಚಿಯಲ್ಲಿ ಕುಳ್ಳಿರಿಸಿ ಟೆಂಪೋಕ್ಕೆ ಏರಿಸಿದರು. ಇಮಾಮುದ್ದೀನ್ ಒಂದು ಕಡೆ ಹೆಗಲು ಕೊಟ್ಟು ಗಾಡಿಯ ತನಕ ಹೋಗಿ, ಅಲ್ಲಿ ನಿಂತ. ವಿವೇಕಾನಂದ ಅವನ ಹತ್ತಿರ ಬಂದು, "ನಾ ಕೂಡ್ತೀನಿ ಕಾಕಾ, ನೀವು ಹೋಗ್ರಿ. ಏನ್ ಮಾಡಬೇಕು ಹೇಳ್ರಿ," ಎಂದ. ಇಮಾಮುದ್ದೀನ್ ಒಂದು ಕ್ಷಣ ಆಸೆಪಟ್ಟ. ಗ್ಯಾಸಿನ ತಂಪಿಗೆ ಸುಟ್ಟ ಹುಡುಗನ ಬೆರಳುಗಳಿಗೆ ಮಲ್ಲಿಕಾ ಕಟ್ಟಿದ ಪಟ್ಟಿ ನೋಡಿದ. "ನೀ ಹೋಗಪಾ. ನಿಮ್ಮ ಕಾಕಾಗ ನೀ ಮಣ್ಣ ಕೊಡಬೇಕು."

ಕೊನೆಗೆ ಶಿವಕಾಂತಮ್ಮ ಹೊರಗೆ ಬಂದಳು. ಇಬ್ಬರು ಹೆಂಗಸರು ಅವಳನ್ನು ಹಿಡಿದಿದ್ದರು. ಹೊಸ್ತಿಲ ಮೇಲಿನ ನಳಿಕೆಯನ್ನು ಅವಳು ಕಾಲೆತ್ತಿ ದಾಟಿದಳು. ಇಷ್ಟು ವರ್ಷ ಅಂಥ ನಳಿಕೆಗಳನ್ನು ನೋಡದೆಯೇ ದಾಟಿದ್ದವಳು. ಹಿಂತಿರುಗಿ ಪೆಟ್ಟಿಗೆಯ ಕಡೆ ನೋಡಿದಳು. ಅವಳು ಏನನ್ನುತ್ತಾಳೋ ಎಂದು ಇಮಾಮುದ್ದೀನ್ ತಲೆ ತಗ್ಗಿಸಿದ.

"ಮುಚ್ಚಳ ಸರೀತ್ನಾಗಿ ಹಾಕು ಭಾಯಿ," ಎಂದಳು. "ತಂಪು ಹೋಗ್ತದ."

* * *

ಮನೆ ಖಾಲಿಯಾಯಿತು. ಅಂಗಳದಲ್ಲಿ ಬಿಸಿಲು, ಒಳಗೆ ಕಂಪ್ರೆಸರಿನ ಸದ್ದು. ಇಮಾಮುದ್ದೀನ್ ಹೊಸ್ತಿಲಲ್ಲಿ ಕುಳಿತು ಒಂದು ಕೈಯನ್ನು ನಳಿಕೆಯ ಮೇಲಿಟ್ಟಿದ್ದ. ಗ್ಯಾಸು ಹರಿಯುವುದು ಕಿವಿಗೆ ಕೇಳುತ್ತಿರಲಿಲ್ಲ, ಬೆರಳಿಗೆ ತಿಳಿಯುತ್ತಿತ್ತು. ಹತ್ತು ನಿಮಿಷಕ್ಕೊಮ್ಮೆ ಎದ್ದು ನೊರೆ ಸವರಿ ನೋಡುತ್ತಿದ್ದ. ಗುಳ್ಳೆಗಳು ಸಣ್ಣದಾಗಿದ್ದವು. ನಿಂತಿರಲಿಲ್ಲ.

ಮಾಡುತ್ತಿರುವುದು ಸರಿಯೋ ತಪ್ಪೋ ಅವನಿಗೆ ನಿಜವಾಗಿಯೂ ತಿಳಿಯಲಿಲ್ಲ. ಜಗತ್ತಿನಲ್ಲಿ ಎಷ್ಟು ಮಂದಿ ಇವತ್ತು ಎಷ್ಟು ಪೈಪು ಬಿಚ್ಚಿದ್ದಾರೋ. ಇದೇ ಊರಿನಲ್ಲಿ, ಈ ಬಿಸಿಲಿಗೆ, ಎಷ್ಟು ಎ.ಸಿ.ಗಳು ಸುಯ್ ಎಂದಿವೆಯೋ. ನೀಲಕಂಠನಿದ್ದರೆ ಬರ್ತದ ಎನ್ನುತ್ತಿದ್ದ. ಯಾರೂ ಬರದಿದ್ದರೆ ಈ ಆರನ್ನೂ ಇನ್ನು ತೂಗುವವರು ಯಾರು? ರೋಜಾದಲ್ಲಿ ತನ್ನದು ಒಂದೂವರೆ ಕೋಣೆಯ ಮನೆ. ಹೆಂಡತಿಗೆ ಏನು ಹೇಳುವುದು?

ನಾಲ್ಕೂ ಕಾಲಿಗೆ ಫೋನು ಬಂತು. ಮಲ್ಲಿಕಾ ವಿಡಿಯೋ ಕಾಲ್ ಮಾಡಿದ್ದಳು. ಕೆಂಪು ಬಾಳೆಯ ಎಲೆಗಳು, ಪಂಪಿನ ಕೋಣೆ, ಅದರ ಪಕ್ಕದಲ್ಲಿ ಕುಣಿ. ಕುಣಿಯ ಗೂಡಿನೊಳಗೆ ಕುಳಿತ ನೀಲಕಂಠನ ಮೊಳಕಾಲು ಮಾತ್ರ ಕಾಣುತ್ತಿತ್ತು. ಬಿಲ್ವದ ಎಲೆ, ವಿಭೂತಿ, ಆಮೇಲೆ ಮಣ್ಣು. ಒಂದರ ಮೇಲೊಂದು ಕೈಗಳು.

"ನಿಮ್ಮ ಹೆಸರಲೇ ಒಂದು ಹಿಡಿ ನಾ ಹಾಕೀನಿ ಚಾಚಾ."

ಹಿಂದಿನಿಂದ ಖಂಡೆಪ್ಪನ ಒಡೆದ ಧ್ವನಿ. "ಅವಗ ಕೇಳು, ಆತೇನು ಅಂತ. ಪೂರಾ ಬಂತೇನು ಅಂತ ಕೇಳು."

"ಇನ್ನಾ ಸ್ವಲ್ಪ ಅದ," ಎಂದ ಇಮಾಮುದ್ದೀನ್.

ಆ ಸ್ವಲ್ಪ ಮುಗಿಯುವ ಮೊದಲೇ ತರುಣ ಸಂಘದ ಸಾಯಿಕುಮಾರ ಪೆಟ್ಟಿಗೆ ಒಯ್ಯಲು ಟಂಟಂ ಗಾಡಿಯೊಂದಿಗೆ ಬಂದ. "ಭಾಯ್, ಐದಕ್ಕ ಬರ್ತೀನಂದಿದ್ದೆ, ತಡೀಲಿಕ್ಕಾಗಲಿಲ್ಲ. ತಾಜಸುಲ್ತಾನಪುರದಾಗ ಒಬ್ಬ ಮುದುಕಿ ಹೋಗ್ಯಾಳ. ಬಿಸಿಲಿಗಿ ತಡಕೊಳ್ಳಿಲ್ಲ. ಮಕ್ಕಳು ಮಂಜುಗಡ್ಡಿ ಮ್ಯಾಲ ಇಟ್ಕೊಂಡು ಕುಂತಾರ." ಆಮೇಲೆ ಪೆಟ್ಟಿಗೆಯೊಳಗಿನ ಸಿಲಿಂಡರ್ ನೋಡಿದ.

ಅರ್ಧ ತಾಸು ಕೊಡು ಎಂದು ಕೇಳಲು ಇಮಾಮುದ್ದೀನನ ಬಾಯಿಗೆ ಬಂದಿತ್ತು. ಕೇಳಲಿಲ್ಲ. ಐದನೆಯದರ ವಾಲ್ವ್ ಮುಚ್ಚಿ, ನಳಿಕೆ ಬಿಚ್ಚಿ, ಎರಡನೆಯದರ ಬಾಯಿಗೆ ಟೋಪಿ ಬಿಗಿದ. ಐದನೆಯದನ್ನು ಎದೆಗೆ ಆನಿಸಿ ಎತ್ತಿದ. ಅದು ಮಂಜಿನ ಹಾಗೆ ತಣ್ಣಗಿತ್ತು, ಭಾರವಾಗಿತ್ತು. ಪೆಟ್ಟಿಗೆಯ ತಳವನ್ನು ತನ್ನ ವಸ್ತ್ರದಿಂದ ಒರೆಸಿ, ಎಸಳುಗಳನ್ನೆಲ್ಲ ಆರಿಸಿ ತೆಗೆದು, ಸಾಯಿಕುಮಾರನ ಜೊತೆ ಹಿಡಿದು ಗಾಡಿಗೆ ಏರಿಸಿದ.

ಒಳಗೆ ಬಂದು ತಕ್ಕಡಿ ಎಳೆದ. ಐದನೆಯದನ್ನು ತೂಗಿದ. ನೀಲಕಂಠನ ಹಾಗೆ ಇನ್ನೊಮ್ಮೆ ತೂಗಿದ. ಸೀಮೆಸುಣ್ಣಕ್ಕಾಗಿ ಗೂಡಿನಲ್ಲಿ ಕೈಯಾಡಿಸಿದ. ಬೆಳಿಗ್ಗೆ ಜಾಗ ಮಾಡುವವರು ಗುಡಿಸಿ ಹಾಕಿದ್ದರು. ಗೋಡೆಯ ಬುಡದ ತಟ್ಟೆಯಲ್ಲಿ ಒಂದು ವಿಭೂತಿ ಗಟ್ಟಿ ಉಳಿದಿತ್ತು. ಮುಟ್ಟಬಹುದೋ ಬಾರದೋ ಎಂದು ಅವನು ನಿಂತ. ಹೋಗಿ ಕೈ ತೊಳೆದುಕೊಂಡು ಬಂದ.

ಒಂಬತ್ತು ಸೊನ್ನೆಗಳ ಕೆಳಗೆ ವಿಭೂತಿಯಿಂದ ೭.೯ ಎಂದು ಬರೆದ.

ಆಮೇಲೆ ಎರಡನೆಯದು. ಉಳಿದದ್ದು ಅರ್ಧ ಕಿಲೋದ ಆಸುಪಾಸು. ೯.೨ರ ಕೆಳಗೆ ಒಂದು ಸೊನ್ನೆ ಬರೆದ, ಚುಕ್ಕೆ ಇಟ್ಟ. ಮುಂದಿನ ಅಂಕಿಗೆ ಮೊದಲು ಸಿಲಿಂಡರಿನ ಕಡೆ ತಿರುಗಿದ. ವಾಲ್ವಿನ ಕುತ್ತಿಗೆಯ ನೊರೆಯಲ್ಲಿ ಒಂದು ಗುಳ್ಳೆ ನಿಧಾನವಾಗಿ ದೊಡ್ಡದಾಗುತ್ತಿತ್ತು. ಗೋಡೆಯ ಮೇಲೆ ಕೈ ಎತ್ತಿ ಹಿಡಿದುಕೊಂಡೇ ಅವನು ಅದು ಒಡೆಯುವುದನ್ನು ಕಾಯುತ್ತ ನಿಂತ.